ಅಸ್ಥಿಗಳು ಯಾರವು? ಅಮೆರಿಕಾ ಖಂಡದ ಆದಿನಿವಾಸಿಗಳ ಶೋಧದ ಒಂದು ಅಧ್ಯಾಯ

1996ನೆಯ ಇಸವಿಯ ಜುಲೈ ತಿಂಗಳಿನಲ್ಲಿ ಅಮೆರಿಕಾ ಸಂಯುಕ್ತ ಸಂಸ್ಥಾನದ ಎರಡು ಕಡೆಗಳಲ್ಲಿ ಪ್ರಾಚೀನ ಮಾನವರ ಅಸ್ಥಿಗಳು ದೊರೆತವು. ಮೊದಲನೆಯವು ತಿಂಗಳ ಆರಂಭದಲ್ಲಿ, ಅಲಾಸ್ಕಾದ ಆಗ್ನೇಯ ಕರಾವಳಿಯ ಪ್ರಿನ್ಸ್ ಆಫ್ ವೇಲ್ಸ್ ದ್ವೀಪದ ಒಂದು ಇಕ್ಕಟ್ಟಾದ ಗುಹೆಯಲ್ಲಿ ಸಿಕ್ಕವು. ಎರಡನೆಯವು 28ನೆಯ ತಾರೀಖಿನಂದು, ವಾಷಿಂಗ್ಟನ್ ರಾಜ್ಯದ ಕೆನೆವಿಕ್ ಎಂಬ ಊರಿನ ಬಳಿ, ಕೊಲಂಬಿಯಾ ನದಿಯ ದಡದಲ್ಲಿ ಸಿಕ್ಕವು. ಗುಹೆಯ ಮನುಷ್ಯ ಸುಮಾರು ಹತ್ತು ಸಾವಿರ ವರ್ಷಗಳ ಹಿಂದಿನವನು. ನದಿದಡದವನು ಸುಮಾರು ಎಂಟೂವರೆ ಸಾವಿರದಿಂದ ಒಂಬತ್ತು ಸಾವಿರ ವರ್ಷಗಳ ಹಿಂದಿನವನು. ಎರಡೂ ಸ್ಥಳಗಳು ಅಲ್ಲಿಯ ಕೇಂದ್ರ ಸರ್ಕಾರದ ಅಧೀನದಲ್ಲಿದ್ದವು. ಎರಡಕ್ಕೂ ಅನ್ವಯಿಸಬೇಕಾಗಿದ್ದ ಕಾಯಿದೆಯೂ ಒಂದೇ. ಆದರೂ ಮೊದಲನೆಯ ಪ್ರಕರಣ ನ್ಯಾಯಾಲಯದ ಮೆಟ್ಟಿಲು ಹತ್ತದೆ ಮುಗಿಯಿತು. ಎರಡನೆಯದು ಇಪ್ಪತ್ತು ವರ್ಷಗಳ ಕಾಲ ವಿಜ್ಞಾನಿಗಳನ್ನೂ ಮೂಲನಿವಾಸಿಗಳನ್ನೂ ಎದುರಾಳಿಗಳನ್ನಾಗಿ ನಿಲ್ಲಿಸಿತು. ಈ ವ್ಯತ್ಯಾಸ ಎಲ್ಲಿಂದ ಬಂತು ಎಂಬುದನ್ನು ಪರಿಶೀಲಿಸುವುದು ಈ ಲೇಖನದ ಉದ್ದೇಶ. ಅಮೆರಿಕಾ ಖಂಡಕ್ಕೆ ಮೊದಲು ಬಂದವರು ಯಾರು ಎಂಬ ಪ್ರಶ್ನೆಯ ಜೊತೆಗೇ, ಆ ಪ್ರಶ್ನೆಯನ್ನು ಕೇಳುವ ಅಧಿಕಾರ ಯಾರದು ಎಂಬ ಇನ್ನೊಂದು ಪ್ರಶ್ನೆಯೂ ಹೆಣೆದುಕೊಂಡಿರುವುದನ್ನು ನಾವು ಇಲ್ಲಿ ಕಾಣುತ್ತೇವೆ.

ಮೊದಲಿಗೆ ಹಿನ್ನೆಲೆಯನ್ನು ನೋಡೋಣ. ಸುಮಾರು ಇಪ್ಪತ್ತು ಸಾವಿರ ವರ್ಷಗಳ ಹಿಂದೆ, ಹಿಮಯುಗದ ಪರಾಕಾಷ್ಠೆಯಲ್ಲಿ, ಸಮುದ್ರಮಟ್ಟ ಇಂದಿಗಿಂತ ನೂರು ಮೀಟರಿಗೂ ಹೆಚ್ಚು ಕೆಳಗಿತ್ತು. ಆಗ ಸೈಬೀರಿಯಾ ಮತ್ತು ಅಲಾಸ್ಕಾಗಳ ನಡುವೆ ಈಗ ನೀರಿರುವಲ್ಲಿ ವಿಶಾಲವಾದ ನೆಲವಿತ್ತು. ಅದನ್ನು ವಿದ್ವಾಂಸರು ಬೆರಿಂಜಿಯಾ ಎಂದು ಕರೆಯುತ್ತಾರೆ. ಏಷ್ಯಾದ ಕಡೆಯಿಂದ ಬಂದ ಬೇಟೆಗಾರರು ಆ ನೆಲದ ಮೂಲಕ ಹೊಸ ಖಂಡವನ್ನು ಪ್ರವೇಶಿಸಿದರೆಂಬುದರ ಬಗ್ಗೆ ಇಂದು ವಿಜ್ಞಾನಿಗಳಲ್ಲಿ ದೊಡ್ಡ ಭಿನ್ನಾಭಿಪ್ರಾಯವಿಲ್ಲ. ಯಾವಾಗ, ಯಾವ ದಾರಿಯಲ್ಲಿ ಎಂಬುದರ ಬಗ್ಗೆಯೇ ವಾದವಿವಾದ.

ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಈ ವಿಷಯದ ಅಧಿಕೃತ ದನಿಯಾಗಿದ್ದವರು ಸ್ಮಿತ್‌ಸೋನಿಯನ್ ಸಂಸ್ಥೆಯ ಆಲೆಶ್ ಹರ್ಡ್‌ಲಿಚ್ಕಾ. ಅಮೆರಿಕಾದಲ್ಲಿ ಮನುಷ್ಯನ ವಾಸಕ್ಕೆ ಕೆಲವೇ ಸಾವಿರ ವರ್ಷಗಳ ಇತಿಹಾಸವಿದೆ ಎಂಬುದು ಅವರ ಪಟ್ಟು. ಅದನ್ನು ಸಡಿಲಿಸುವ ಸುಳಿವು ಮೊದಲು ಕಣ್ಣಿಗೆ ಬಿದ್ದದ್ದು ಒಬ್ಬ ದನಗಾಹಿಗೆ. ಗುಲಾಮಗಿರಿಯಲ್ಲಿ ಹುಟ್ಟಿ, ನ್ಯೂ ಮೆಕ್ಸಿಕೋದ ಫೋಲ್ಸಮ್ ಬಳಿ ಕುದುರೆ ಸವಾರ ದನಗಾಹಿಯಾಗಿದ್ದ ಜಾರ್ಜ್ ಮೆಕ್‌ಜಂಕಿನ್ ಎಂಬ ಕರಿಯ, 1908ರ ಪ್ರವಾಹದ ತರುವಾಯ ಒಂದು ಕೊರಕಲಿನಲ್ಲಿ ಭಾರಿ ಗಾತ್ರದ ಕಾಡೆತ್ತಿನ ಎಲುಬುಗಳನ್ನು ಗುರುತಿಸಿದ. ಅವು ಮಾಮೂಲಿ ಎಲುಬುಗಳಲ್ಲವೆಂದು ಅವನಿಗೆ ಹೊಳೆದಿತ್ತು. ಅವನು 1922ರಲ್ಲಿ ತೀರಿಕೊಂಡ. 1927ರಲ್ಲಿ ಅದೇ ಸ್ಥಳದ ಉತ್ಖನನದಲ್ಲಿ, ಅಳಿದುಹೋದ ಆ ಕಾಡೆತ್ತಿನ ಪಕ್ಕೆಲುಬುಗಳ ನಡುವೆ ಮನುಷ್ಯ ಮಾಡಿದ ಕಲ್ಲಿನ ಈಟಿಮೊನೆ ಇದ್ದಲ್ಲೇ ಕಾಣಿಸಿತು. ಹಿಮಯುಗದ ಕೊನೆಯ ಹೊತ್ತಿಗೇ ಅಲ್ಲಿ ಮನುಷ್ಯರಿದ್ದರೆಂಬುದು ಸಿದ್ಧವಾಯಿತು. 1930ರ ದಶಕದಲ್ಲಿ ಕ್ಲೋವಿಸ್ ಎಂಬ ಊರಿನ ಬಳಿ ಇನ್ನೂ ಹಳೆಯ, ಸುಮಾರು ಹದಿಮೂರು ಸಾವಿರ ವರ್ಷಗಳ ಹಿಂದಿನ ಆಯುಧಗಳು ಸಿಕ್ಕವು. ಮುಂದಿನ ಅರ್ಧ ಶತಮಾನ ಕ್ಲೋವಿಸ್ ಜನರೇ ಮೊದಲಿಗರು ಎಂಬುದು ಪಠ್ಯಪುಸ್ತಕದ ಸತ್ಯವಾಯಿತು.

ಆ ಸತ್ಯವೂ ನಿಲ್ಲಲಿಲ್ಲ. ದಕ್ಷಿಣದ ಚಿಲಿ ದೇಶದ ಮೋಂಟೆ ವೆರ್ಡೆಯಲ್ಲಿ ಟಾಮ್ ಡಿಲ್‌ಹೇ 1970ರ ದಶಕದಿಂದ ನಡೆಸಿದ ಉತ್ಖನನದಲ್ಲಿ ಮರದ ಗೂಟಗಳು, ಒಲೆಗಳು, ಸಮುದ್ರಪಾಚಿಯ ತುಣುಕುಗಳು ದೊರೆತು, ಸುಮಾರು ಹದಿನಾಲ್ಕೂವರೆ ಸಾವಿರ ವರ್ಷಗಳ ಹಿಂದಿನ ವಸತಿಯ ಚಿತ್ರ ಮೂಡಿತು. ಇಪ್ಪತ್ತು ವರ್ಷಗಳ ಅನುಮಾನದ ನಂತರ, 1997ರಲ್ಲಿ, ಪುರಾತತ್ತ್ವಜ್ಞರ ಒಂದು ತಂಡ ಸ್ವತಃ ಸ್ಥಳಕ್ಕೆ ಹೋಗಿ ನೋಡಿ ಅದನ್ನು ಒಪ್ಪಿತು. 2021ರಲ್ಲಿ ನ್ಯೂ ಮೆಕ್ಸಿಕೋದ ವೈಟ್ ಸ್ಯಾಂಡ್ಸ್‌ನ ಒಣಗಿದ ಕೆರೆಯಂಗಳದ ಹೆಜ್ಜೆಗುರುತುಗಳಿಗೆ ಇಪ್ಪತ್ತೊಂದರಿಂದ ಇಪ್ಪತ್ತಮೂರು ಸಾವಿರ ವರ್ಷಗಳ ವಯಸ್ಸನ್ನು ಸಂಶೋಧಕರು ಪ್ರಕಟಿಸಿದರು. ಅವುಗಳಲ್ಲಿ ಹೆಚ್ಚಿನವು ಮಕ್ಕಳ ಮತ್ತು ಹದಿಹರೆಯದವರ ಹೆಜ್ಜೆಗಳು.

ಆದರೆ ಆಯುಧ, ಒಲೆ, ಹೆಜ್ಜೆಗಳಿಗೆ ಹೋಲಿಸಿದರೆ ಮನುಷ್ಯರ ಅಸ್ಥಿಗಳು ತೀರ ಅಪರೂಪ. ಎಂಟು ಸಾವಿರ ವರ್ಷಗಳಿಗಿಂತ ಹಳೆಯದಾದ, ತಕ್ಕಮಟ್ಟಿಗೆ ಪೂರ್ಣವಾದ ಅಸ್ಥಿಪಂಜರಗಳು ಇಡೀ ಉತ್ತರ ಅಮೆರಿಕಾದಲ್ಲಿ ಬೆರಳೆಣಿಕೆಯಷ್ಟಿವೆ. ಆದ್ದರಿಂದ ಒಂದೊಂದು ಎಲುಬೂ ವಿಜ್ಞಾನಿಗೆ ಪುನಃ ಸಿಗದ ಸಾಕ್ಷಿ. ಇದು ಒಂದು ಪಕ್ಷದ ಮಾತು, ಮತ್ತು ಸುಳ್ಳಲ್ಲದ ಮಾತು.

ಇನ್ನೊಂದು ಪಕ್ಷದ ಮಾತನ್ನು ತಿಳಿಯಲು ನಾವು ಹತ್ತೊಂಬತ್ತನೆಯ ಶತಮಾನಕ್ಕೆ ಹೋಗಬೇಕು. ಫಿಲಡೆಲ್ಫಿಯಾದ ವೈದ್ಯ ಸ್ಯಾಮ್ಯುಯೆಲ್ ಮಾರ್ಟನ್ ನೂರಾರು ತಲೆಬುರುಡೆಗಳನ್ನು ಸಂಗ್ರಹಿಸಿ, ಅವುಗಳ ಒಳಗಾತ್ರವನ್ನು ಅಳೆದು, ಜನಾಂಗಗಳಿಗೆ ಮೇಲುಕೀಳಿನ ಶ್ರೇಣಿಯನ್ನು ಕಟ್ಟಿದ. ಅವನ ದೊಡ್ಡ ಗ್ರಂಥ 1839ರಲ್ಲಿ ಹೊರಬಂತು. 1868ರಲ್ಲಿ ಸೇನೆಯ ಸರ್ಜನ್ ಜನರಲ್ ಕಚೇರಿ ತನ್ನ ವೈದ್ಯಾಧಿಕಾರಿಗಳಿಗೆ ಮೂಲನಿವಾಸಿಗಳ ತಲೆಬುರುಡೆಗಳನ್ನು ಸಂಗ್ರಹಿಸಿ ಕಳುಹಿಸುವಂತೆ ಸೂಚಿಸಿತು. ರಣರಂಗದಿಂದ, ಸಮಾಧಿಗಳಿಂದ, ಶವವನ್ನಿಡುತ್ತಿದ್ದ ಅಟ್ಟಣೆಗಳಿಂದ ಸಾವಿರಾರು ಬುರುಡೆಗಳು ರಾಜಧಾನಿಯ ಸಂಗ್ರಹಾಲಯವನ್ನು ಸೇರಿದವು. ಬಂಧುಗಳು ಇನ್ನೂ ಶೋಕದಲ್ಲಿದ್ದಾಗಲೇ ಶವಗಳು ಕಳುವಾದ ನಿದರ್ಶನಗಳೂ ಇವೆ.

ಇದಕ್ಕೆ ಹೊಂದಿಕೊಂಡಂತೆ ಇನ್ನೊಂದು ಕಥೆ ಹುಟ್ಟಿತು. ಮಿಸಿಸಿಪಿ, ಒಹಾಯೋ ನದಿ ಕಣಿವೆಗಳಲ್ಲಿ ಪ್ರಾಚೀನರು ಕಟ್ಟಿದ ಸಾವಿರಾರು ಮಣ್ಣಿನ ದಿಬ್ಬಗಳಿವೆ. ಅಷ್ಟು ದೊಡ್ಡ ಕೆಲಸವನ್ನು ಮೂಲನಿವಾಸಿಗಳ ಪೂರ್ವಜರು ಮಾಡಿರಲಾರರು, ಯಾವುದೋ ಅಳಿದುಹೋದ ಶ್ರೇಷ್ಠ ಜನಾಂಗ ಮಾಡಿರಬೇಕು ಎಂಬ ನಂಬಿಕೆ ವಲಸಿಗರಲ್ಲಿ ಬೇರೂರಿತು. 1830ರಲ್ಲಿ ಮೂಲನಿವಾಸಿಗಳನ್ನು ಅವರ ನೆಲದಿಂದ ಎತ್ತಂಗಡಿ ಮಾಡುವ ಕಾಯಿದೆ ಬಂತು. ಅದೇ ವರ್ಷ ಅಧ್ಯಕ್ಷ ಆಂಡ್ರ್ಯೂ ಜಾಕ್ಸನ್ ಕಾಂಗ್ರೆಸ್ಸಿಗೆ ಕಳುಹಿಸಿದ ವಾರ್ಷಿಕ ಸಂದೇಶದಲ್ಲಿ, ಹಿಂದೊಮ್ಮೆ ಪ್ರಬಲವಾಗಿದ್ದ ಒಂದು ಜನಾಂಗ ಅಳಿದು ಈಗಿನ ಬುಡಕಟ್ಟುಗಳಿಗೆ ಎಡೆಮಾಡಿಕೊಟ್ಟಿತೆಂಬ ಅರ್ಥದ ಮಾತನ್ನು ಸೇರಿಸಿದ. ನೀವೂ ಇನ್ನೊಬ್ಬರನ್ನು ಓಡಿಸಿ ಬಂದವರೇ ಎಂದು ಸಾಧಿಸಿದರೆ, ಅವರನ್ನು ಓಡಿಸುವುದು ಹಗುರವಾಗುತ್ತದೆ. ಆ ದಿಬ್ಬಗಳನ್ನು ಕಟ್ಟಿದವರು ಮೂಲನಿವಾಸಿಗಳ ಪೂರ್ವಜರೇ ಎಂಬುದನ್ನು ಸೈರಸ್ ಥಾಮಸ್ 1894ರ ತಮ್ಮ ವರದಿಯಲ್ಲಿ ವಿವರವಾಗಿ ತೋರಿಸಿಕೊಟ್ಟರು. ಅಷ್ಟು ಹೊತ್ತಿಗೆ ನೆಲ ಕೈಬದಲಾಗಿತ್ತು.

ಸತ್ತವರ ನಡುವಿನ ಭೇದ ಇತ್ತೀಚಿನವರೆಗೂ ಉಳಿದಿತ್ತು. 1971ರಲ್ಲಿ ಅಯೋವಾ ರಾಜ್ಯದ ಗ್ಲೆನ್‌ವುಡ್ ಬಳಿ ರಸ್ತೆ ಕಾಮಗಾರಿಯಲ್ಲಿ ಒಂದು ಹಳೆಯ ಸ್ಮಶಾನ ಅಡ್ಡ ಬಂತು. ಅಲ್ಲಿ ಸಿಕ್ಕ 26 ಮಂದಿ ಬಿಳಿಯರ ಅವಶೇಷಗಳನ್ನು ಬೇರೆಡೆ ಮರಳಿ ಹೂಳಲಾಯಿತು. ಅವರ ನಡುವೆಯೇ ಇದ್ದ ಒಬ್ಬ ಮೂಲನಿವಾಸಿ ಹೆಂಗಸಿನ ಮತ್ತು ಅವಳ ಮಗುವಿನ ಎಲುಬುಗಳನ್ನು ಮಾತ್ರ ಅಧ್ಯಯನಕ್ಕೆಂದು ಕಳುಹಿಸಲಾಯಿತು. ಯಾಂಕ್ಟನ್ ಡಕೋಟಾ ಸಮುದಾಯದ ಮರಿಯಾ ಪಿಯರ್ಸನ್ ಇದನ್ನು ಪ್ರತಿಭಟಿಸಿ ರಾಜ್ಯಪಾಲರವರೆಗೆ ಹೋದರು. ಅವರು ಎಬ್ಬಿಸಿದ ದನಿಯ ಫಲವಾಗಿ ಮೊದಲು ಆ ರಾಜ್ಯದಲ್ಲಿ ಕಾನೂನು ಬಂತು. 1990ರ ನವೆಂಬರಿನಲ್ಲಿ ಇಡೀ ದೇಶಕ್ಕೆ ಅನ್ವಯಿಸುವ ಕಾಯಿದೆ ಜಾರಿಯಾಯಿತು. ಮೂಲನಿವಾಸಿಗಳ ಸಮಾಧಿಗಳ ರಕ್ಷಣೆ ಮತ್ತು ಅವಶೇಷಗಳ ಮರಳಿಕೆ ಅದರ ವಿಷಯ. ಕೇಂದ್ರ ಸರ್ಕಾರದ ನೆಲದಲ್ಲಿ ಮೂಲನಿವಾಸಿಯ ಅಸ್ಥಿ ಸಿಕ್ಕರೆ, ಸಂಬಂಧಪಟ್ಟ ಬುಡಕಟ್ಟಿಗೆ ತಿಳಿಸಿ, ಕೇಳಿದರೆ ಹಿಂದಿರುಗಿಸಬೇಕು ಎಂಬುದು ಅದರ ಸಾರ.

ಈಗ ಕೆನೆವಿಕ್‌ಗೆ ಬರೋಣ. ವೇಗದ ದೋಣಿಗಳ ಪಂದ್ಯ ನೋಡಲು ನದಿಗೆ ಬಂದಿದ್ದ ಇಬ್ಬರು ಯುವಕರ ಕಣ್ಣಿಗೆ ನೀರಂಚಿನಲ್ಲಿ ತಲೆಬುರುಡೆ ಬಿತ್ತು. ಕೊಲೆಯಿರಬಹುದೆಂಬ ಶಂಕೆಯಿಂದ ವಿಷಯ ಪೊಲೀಸರಿಗೂ ಕರೋನರ್‌ಗೂ ಹೋಯಿತು. ಕರೋನರ್ ಎಂದರೆ ಸಂಶಯಾಸ್ಪದ ಸಾವುಗಳನ್ನು ವಿಚಾರಿಸುವ ಅಧಿಕಾರಿ. ಹಿಂದೆ ಮುಂಬಯಿ, ಕಲ್ಕತ್ತೆಗಳಲ್ಲೂ ಈ ಹುದ್ದೆ ಇತ್ತು. ಅವರು ಜೇಮ್ಸ್ ಚಾಟರ್ಸ್ ಎಂಬ ಸ್ಥಳೀಯ ಪುರಾತತ್ತ್ವಜ್ಞರನ್ನು ಕರೆಸಿದರು. ಚಾಟರ್ಸ್ ಸುಮಾರು ಮುನ್ನೂರು ಎಲುಬು ಮತ್ತು ಚೂರುಗಳನ್ನು ಆಯ್ದು ತಂದರು. ಉದ್ದನೆಯ, ಕಿರಿದಾದ ಬುರುಡೆಯನ್ನು ಕಂಡು ಇದು ಹತ್ತೊಂಬತ್ತನೆಯ ಶತಮಾನದ ಯಾವನೋ ಬಿಳಿಯ ವಲಸಿಗನದೆಂದು ಮೊದಲು ತೋರಿತು. ಆದರೆ ಸೊಂಟದೆಲುಬಿನಲ್ಲಿ ನೆಟ್ಟು, ಸುತ್ತಲೂ ಎಲುಬು ಬೆಳೆದು ಮುಚ್ಚಿಕೊಂಡ ಒಂದು ಕಲ್ಲಿನ ಈಟಿಮೊನೆ ಇತ್ತು. ರೇಡಿಯೋಕಾರ್ಬನ್ ಪರೀಕ್ಷೆ ಅಸ್ಥಿಗಳ ವಯಸ್ಸು ಸಹಸ್ರಮಾನಗಳದೆಂದು ತಿಳಿಸಿತು.

ಅಲ್ಲಿಗೆ ಒಂದು ಪದ ಪತ್ರಿಕೆಗಳಿಗೆ ತಲುಪಿಯಾಗಿತ್ತು: ಕಾಕೇಸಾಯ್ಡ್. ಶರೀರಶಾಸ್ತ್ರಜ್ಞರ ಪರಿಭಾಷೆಯಲ್ಲಿ ಅದು ಬುರುಡೆಯ ಕೆಲವು ಲಕ್ಷಣಗಳ ವಿವರಣೆ ಮಾತ್ರ. ಜನಸಾಮಾನ್ಯರ ಕಿವಿಗೆ ಅದು ಬಿಳಿಯ ಎಂದು ಕೇಳಿಸಿತು. ಅಮೆರಿಕಾಕ್ಕೆ ಮೊದಲು ಬಂದವರು ಐರೋಪ್ಯರೇ ಇರಬಹುದೇ ಎಂಬ ತಲೆಬರಹಗಳು ಬಂದವು. ಬುರುಡೆಯಿಂದ ಪುನಾರಚಿಸಿದ ಮುಖ ಪ್ಯಾಟ್ರಿಕ್ ಸ್ಟೂವರ್ಟ್ ಎಂಬ ಇಂಗ್ಲಿಷ್ ನಟನನ್ನು ಹೋಲುವುದೆಂದು ಮಾತಾಯಿತು. ಪ್ರಾಚೀನ ನಾರ್ಸ್ ದೇವತೆಗಳನ್ನು ಪೂಜಿಸುವ ಒಂದು ಗುಂಪು ಇವನು ತಮ್ಮ ಪೂರ್ವಜನೆಂದು ನ್ಯಾಯಾಲಯದ ಬಾಗಿಲು ತಟ್ಟಿತು. ದಿಬ್ಬಗಳ ಹಳೆಯ ಕಥೆ ಹೊಸ ವೇಷದಲ್ಲಿ ಮರಳಿತ್ತು. ಮೂಲನಿವಾಸಿಗಳು ಈ ಸುದ್ದಿಯನ್ನು ಹೇಗೆ ಓದಿರಬೇಕೆಂಬುದನ್ನು ಊಹಿಸುವುದು ಕಷ್ಟವಲ್ಲ.

ಆ ಪ್ರದೇಶದ ಉಮಟಿಲ್ಲಾ, ಯಾಕಮಾ, ನೆಜ್ ಪರ್ಸ್, ಕಾಲ್ವಿಲ್ ಮತ್ತು ವಾನಪಮ್ ಸಮುದಾಯಗಳು ಒಟ್ಟಾಗಿ ಅಸ್ಥಿಗಳನ್ನು ಕೇಳಿದವು. ಇವರಲ್ಲಿ ಕೆಲವರ ಪೂರ್ವಜರು 1855ರ ಒಪ್ಪಂದಗಳಲ್ಲಿ ಈ ಸೀಮೆಯ ನೆಲವನ್ನು ಸರ್ಕಾರಕ್ಕೆ ಬಿಟ್ಟುಕೊಟ್ಟಿದ್ದರು. ವಾನಪಮ್ ಜನ ಒಪ್ಪಂದಕ್ಕೆ ಸಹಿಯನ್ನೇ ಹಾಕಿರಲಿಲ್ಲ. ಆದ್ದರಿಂದ ಸರ್ಕಾರದ ಮಾನ್ಯತೆಯೂ ಅವರಿಗಿರಲಿಲ್ಲ. ಉಮಟಿಲ್ಲಾ ಸಮುದಾಯದ ಧಾರ್ಮಿಕ ಮುಖಂಡ ಆರ್ಮಂಡ್ ಮಿಂಥಾರ್ನ್ ಆಗ ಬರೆದ ಹೇಳಿಕೆಯ ಆಶಯ ಸರಳವಾಗಿತ್ತು: ತಮ್ಮ ಜನ ಆದಿಯಿಂದಲೂ ಇಲ್ಲೇ ಇದ್ದವರು, ತಮ್ಮ ಚರಿತ್ರೆ ತಮ್ಮ ಹಿರಿಯರ ಬಾಯಲ್ಲಿದೆ, ಮಣ್ಣಿಗೆ ಒಪ್ಪಿಸಿದ ದೇಹ ಮಣ್ಣಿನಲ್ಲೇ ಇರಬೇಕು. ಅವರು ಆ ಮನುಷ್ಯನನ್ನು ಕೆನೆವಿಕ್ ಮಾನವ ಎನ್ನಲಿಲ್ಲ. ತಮ್ಮ ನುಡಿಯಲ್ಲಿ ಪುರಾತನರು ಎಂಬ ಅರ್ಥದ ಹೆಸರಿನಿಂದ ಕರೆದರು.

ನದಿಯ ಆ ಭಾಗ ಸೇನೆಯ ಎಂಜಿನಿಯರುಗಳ ದಳದ ಸುಪರ್ದಿನಲ್ಲಿತ್ತು. ಅವರು ವಿಜ್ಞಾನಿಗಳ ಕೋರಿಕೆಯನ್ನು ಬದಿಗೊತ್ತಿ, ಅಸ್ಥಿಗಳನ್ನು ಬುಡಕಟ್ಟುಗಳಿಗೆ ಒಪ್ಪಿಸುವುದಾಗಿ ಪ್ರಕಟಿಸಿದರು. 1996ರ ಅಕ್ಟೋಬರಿನಲ್ಲಿ ರಾಬ್ಸನ್ ಬಾನಿಕ್ಸನ್, ಡಗ್ಲಸ್ ಔಸ್ಲಿ ಮೊದಲಾದ ಎಂಟು ಮಂದಿ ವಿಜ್ಞಾನಿಗಳು ಸರ್ಕಾರದ ಮೇಲೆ ದಾವೆ ಹೂಡಿದರು. 1998ರ ಏಪ್ರಿಲಿನಲ್ಲಿ, ಕಾಂಗ್ರೆಸ್ಸಿನ ಎರಡೂ ಸದನಗಳು ತಡೆಯಲು ಯತ್ನಿಸುತ್ತಿದ್ದಾಗಲೇ, ದಳ ಆ ಸ್ಥಳದ ಮೇಲೆ ನೂರಾರು ಟನ್ ಕಲ್ಲು ಮಣ್ಣು ಸುರಿದು ಮುಚ್ಚಿತು. ದಡದ ಕೊರೆತ ತಡೆಯಲು ಎಂಬುದು ಕೊಟ್ಟ ಕಾರಣ. ಆ ಮಣ್ಣಿನ ಪದರಗಳಲ್ಲಿ ಓದಬಹುದಾಗಿದ್ದುದು ಅಲ್ಲಿಗೆ ಮುಗಿಯಿತು.

ದಾವೆ ಕೊನೆಗೆ ನಿಂತದ್ದು ಒಂದು ಕ್ರಿಯಾಪದದ ಮೇಲೆ. 1990ರ ಕಾಯಿದೆ, ಸಂಯುಕ್ತ ಸಂಸ್ಥಾನಕ್ಕೆ ಮೂಲದ್ದಾಗಿರುವ ಬುಡಕಟ್ಟು, ಜನ ಅಥವಾ ಸಂಸ್ಕೃತಿಗೆ ಸಂಬಂಧಿಸಿದ್ದು ಮೂಲನಿವಾಸಿಯದು ಎಂದು ವ್ಯಾಖ್ಯಾನಿಸುತ್ತದೆ. ಇಂಗ್ಲಿಷ್ ಪಾಠದಲ್ಲಿ ಇಲ್ಲಿ ವರ್ತಮಾನಕಾಲದ ಒಂದು ಪುಟ್ಟ ಕ್ರಿಯಾಪದವಿದೆ. ವರ್ತಮಾನಕಾಲ ಬಳಸಿರುವುದರಿಂದ, ಇಂದು ಬದುಕಿರುವ ಯಾವುದಾದರೂ ಸಮುದಾಯದೊಂದಿಗೆ ಅಸ್ಥಿಯ ಸಂಬಂಧ ತೋರಿಸಲೇಬೇಕು, ಕೇವಲ ಪ್ರಾಚೀನತೆ ಸಾಲದು ಎಂದು ನ್ಯಾಯಾಲಯ ಅರ್ಥೈಸಿತು. ಒಂಬತ್ತು ಸಾವಿರ ವರ್ಷಗಳ ಅಂತರವನ್ನು ಬಾಯ್ದೆರೆಯ ಪರಂಪರೆಯಿಂದ ದಾಟಲಾಗದೆಂದೂ ಹೇಳಿತು. 2002ರಲ್ಲಿ ನ್ಯಾಯಾಧೀಶ ಜಾನ್ ಜೆಲ್ಡರ್ಕ್ಸ್, 2004ರ ಫೆಬ್ರವರಿಯಲ್ಲಿ ಮೇಲ್ಮನವಿ ನ್ಯಾಯಾಲಯ, ಇಬ್ಬರೂ ವಿಜ್ಞಾನಿಗಳ ಪರ ತೀರ್ಪಿತ್ತರು. ಕನ್ನಡದಲ್ಲಿ ‘ಇವರು ಈ ನೆಲದ ಮೂಲದವರು’ ಎಂದರೆ ಸಾಕು, ಕ್ರಿಯಾಪದದ ಹಂಗಿಲ್ಲ. ಕಾಲದ ಪ್ರಶ್ನೆಯೂ ಏಳುವುದಿಲ್ಲ. ಕಾಯಿದೆ ಬರೆದ ಭಾಷೆಯ ವ್ಯಾಕರಣವೇ ಒಂದು ಪಕ್ಷಕ್ಕೆ ವಕೀಲನಾದದ್ದನ್ನು ನಾವು ಇಲ್ಲಿ ಕಾಣುತ್ತೇವೆ.

ಇದೇ ಹೊತ್ತಿಗೆ ಅಲಾಸ್ಕಾದಲ್ಲಿ ಏನಾಯಿತು? ಪ್ರಿನ್ಸ್ ಆಫ್ ವೇಲ್ಸ್ ದ್ವೀಪದ ಆ ಗುಹೆಗೆ ಮಂಡಿಯೂರಿ ತೆವಳಿಯೇ ಹೋಗಬೇಕು; ಗುಹೆಯ ಇಂಗ್ಲಿಷ್ ಹೆಸರಿನ ಅರ್ಥವೂ ಅದೇ. ಹಿಮಯುಗದ ಕರಡಿಗಳ ಎಲುಬುಗಳನ್ನು ಹುಡುಕುತ್ತಿದ್ದ ಜೀವಾವಶೇಷ ಶಾಸ್ತ್ರಜ್ಞ ಟಿಮೊತಿ ಹೀಟನ್ ಅವರಿಗೆ ಮನುಷ್ಯನ ದವಡೆ ಮತ್ತು ಸೊಂಟದೆಲುಬು ದೊರೆತವು. ಅದು ಅರಣ್ಯ ಇಲಾಖೆಯ ನೆಲ. ಇಲಾಖೆಯ ಪುರಾತತ್ತ್ವಜ್ಞ ಟೆರಿ ಫೀಫೀಲ್ಡ್ ವಿಳಂಬ ಮಾಡದೆ ಸಮೀಪದ ಕ್ಲಾವಾಕ್ ಮತ್ತು ಕ್ರೇಗ್ ಊರುಗಳ ಬುಡಕಟ್ಟು ಸಭೆಗಳಿಗೆ ವಿಷಯ ತಿಳಿಸಿದರು. ಸಭೆ ಸೇರಿತು. ಎಲುಬುಗಳನ್ನು ಮುಟ್ಟದೆ ಬಿಡಬೇಕೆಂದ ಹಿರಿಯರಿದ್ದರು. ಈ ಪೂರ್ವಜ ತಾನಾಗಿ ಏನನ್ನೋ ಹೇಳಲು ಬಂದಿರಬಹುದು, ಕೇಳೋಣ ಎಂದವರೂ ಇದ್ದರು. ಕಡೆಗೆ ಷರತ್ತುಗಳೊಡನೆ ಒಪ್ಪಿಗೆ ಸಿಕ್ಕಿತು. ಅದು ಬುದ್ಧಿಪೂರ್ವಕವಾಗಿ ಹೂಳಿದ ಸಮಾಧಿ ಎಂದು ತಿಳಿದರೆ ಕೆಲಸ ನಿಲ್ಲಬೇಕು. ಏನೇ ತಿಳಿದರೂ ಪತ್ರಿಕೆಗಳಿಗಿಂತ ಮೊದಲು ಸಮುದಾಯಕ್ಕೆ ತಿಳಿಸಬೇಕು. ಅಗೆತದಲ್ಲಿ ಸಮುದಾಯದ ಯುವಕರಿಗೂ ಅವಕಾಶವಿರಬೇಕು.

ಆ ಒಪ್ಪಿಗೆಯಿಂದ ವಿಜ್ಞಾನಕ್ಕೆ ದಕ್ಕಿದ್ದು ಕಡಿಮೆಯೇನಲ್ಲ. ಅಸ್ಥಿ ಇಪ್ಪತ್ತರ ಆಸುಪಾಸಿನ ಯುವಕನದು. ಅವನ ಆಹಾರ ಬಹುಪಾಲು ಸಮುದ್ರದ್ದು. ಬಳಿಯಲ್ಲಿ ದೊರೆತ ಆಯುಧಗಳ ಕಪ್ಪು ಗಾಜಿನಂಥ ಶಿಲೆ ದ್ವೀಪದ್ದಲ್ಲ, ದೋಣಿಯಲ್ಲೇ ತರಬೇಕಾದದ್ದು. ಹಿಮಹಾಸುಗಳ ನಡುವಿನ ಒಳನಾಡಿನ ದಾರಿ ತೆರೆಯುವ ಮೊದಲೇ ಜನ ಕರಾವಳಿಯ ಗುಂಟ ದಕ್ಷಿಣಕ್ಕೆ ಇಳಿದಿರಬಹುದೆಂಬ ವಾದಕ್ಕೆ ಇದು ಬಲ ಕೊಟ್ಟಿತು. 2007ರಲ್ಲಿ ಪ್ರಕಟವಾದ ಡಿಎನ್‌ಎ ಅಧ್ಯಯನ ಅವನ ತಾಯಿಯ ಕಡೆಯ ವಂಶಗುರುತನ್ನು ಪತ್ತೆಹಚ್ಚಿತು. ಅದು ಅಪರೂಪದ ಗುರುತು. ಕ್ಯಾಲಿಫೋರ್ನಿಯಾ, ಎಕ್ವಡಾರ್, ಚಿಲಿ ಎಂದು ಶಾಂತಸಾಗರದ ಅಂಚಿನುದ್ದಕ್ಕೂ ಖಂಡದ ದಕ್ಷಿಣ ತುದಿಯವರೆಗೆ ಚದುರಿದೆ. ಟ್ಲಿಂಗಿಟ್ ಜನ ಅವನನ್ನು ಶುಕಾ ಕಾ, ಎಂದರೆ ನಮಗಿಂತ ಮುಂದಿದ್ದವನು, ಎಂದು ಕರೆದರು. 2008ರಲ್ಲಿ ಅವನನ್ನು ವಿಧಿಪೂರ್ವಕವಾಗಿ ಮರಳಿ ಹೂಳಿದರು. ಹನ್ನೆರಡು ವರ್ಷ ಅಧ್ಯಯನ ನಡೆಯಿತು. ಯಾರೂ ಯಾರ ಮೇಲೂ ದಾವೆ ಹೂಡಲಿಲ್ಲ.

ಕಾಯಿದೆ ಒಂದೇ, ಸರ್ಕಾರ ಒಂದೇ, ತಿಂಗಳೂ ಒಂದೇ. ಸರ್ಕಾರಿ ಕಡತಗಳ ನಡುವೆ ದಿನ ಕಳೆಯುವ ನಮ್ಮಂಥವರಿಗೆ ಇದು ಅಪರಿಚಿತವಾದ ಸಂಗತಿಯಲ್ಲ. ಕಾಯಿದೆಯ ಕಲಮು ಕನಿಷ್ಠ ಕರ್ತವ್ಯವನ್ನು ಹೇಳುತ್ತದೆ. ಅದನ್ನು ಯಾವ ಮನಸ್ಸಿನಿಂದ, ಯಾವ ಕ್ರಮದಲ್ಲಿ ನೆರವೇರಿಸಬೇಕೆಂಬುದು ಕುರ್ಚಿಯಲ್ಲಿ ಕುಳಿತವರಿಗೆ ಬಿಟ್ಟದ್ದು. ಅಲಾಸ್ಕಾದಲ್ಲಿ ಮೊದಲು ಸಂಬಂಧಪಟ್ಟವರ ಬಳಿಗೆ ಹೋದರು, ಆಮೇಲೆ ಅಧ್ಯಯನ. ಕೆನೆವಿಕ್‌ನಲ್ಲಿ ಅಧ್ಯಯನ ಮೊದಲು, ಪತ್ರಿಕೆ ಎರಡನೆಯದು, ಸಂಬಂಧಪಟ್ಟವರು ಕೊನೆಗೆ. ಮುಂದೆ ಅಧಿಕಾರಿಗಳು ಪಕ್ಷ ಬದಲಿಸಿದಾಗ ವಿಜ್ಞಾನಿಗಳನ್ನೂ ಹಾಗೆಯೇ ಹೊರಗಿಟ್ಟರು. ಒಮ್ಮೆ ಮುರಿದ ನಂಬಿಕೆಯನ್ನು ಯಾವ ತೀರ್ಪೂ ಕೂಡಿಸಲಿಲ್ಲ.

ತೀರ್ಪಿನ ಬಳಿಕ ಔಸ್ಲಿ ಮತ್ತು ಸಂಗಡಿಗರು ಕೆನೆವಿಕ್ ಅಸ್ಥಿಗಳನ್ನು ಅಧ್ಯಯನ ಮಾಡಿದರು. ಸುಮಾರು ನಲವತ್ತು ವರ್ಷದ, ಐದಡಿ ಏಳಂಗುಲ ಎತ್ತರದ, ಗಟ್ಟಿಮುಟ್ಟಾದ ಬಲಗೈಯ ಬೇಟೆಗಾರ. ಈಟಿ ನೆಟ್ಟದ್ದು ಹರೆಯದಲ್ಲಿ. ಆ ಗಾಯ ಮಾಗಿ ಎಷ್ಟೋ ವರ್ಷ ಬದುಕಿದ್ದ. ಕಾಲು ಚಾಚಿಸಿ, ಕೈಗಳನ್ನು ಪಕ್ಕಕ್ಕಿಟ್ಟು ಅಂಗಾತ ಮಲಗಿಸಿ ಅವನನ್ನು ಯಾರೋ ಪ್ರೀತಿಯಿಂದ ಹೂಳಿದ್ದರು. ಇಷ್ಟನ್ನು ತಿಳಿಯಲು ಸಾಧ್ಯವಾದದ್ದು ಆ ವಿಜ್ಞಾನಿಗಳ ಹಟದಿಂದಲೇ ಎಂಬುದನ್ನು ಒಪ್ಪಬೇಕು. ಆದರೆ ತಲೆಬುರುಡೆಯ ಅಳತೆಗಳು ಪಾಲಿನೇಷ್ಯಾದವರಿಗೂ ಜಪಾನಿನ ಐನು ಜನರಿಗೂ ಹತ್ತಿರ ಎಂಬ ಅವರ ನಿರ್ಣಯ ಬಾಳಲಿಲ್ಲ. 2015ರ ಜೂನಿನಲ್ಲಿ ಡೆನ್ಮಾರ್ಕಿನ ಎಸ್ಕೆ ವಿಲ್ಲರ್‌ಸ್ಲೆವ್ ಅವರ ತಂಡ, ಕೈಯೆಲುಬಿನ ಒಂದು ಸಣ್ಣ ಚೂರಿನಿಂದ ಅವನ ಜೀನೋಮನ್ನು ಓದಿ ಪ್ರಕಟಿಸಿತು. ಪ್ರಪಂಚದ ಬೇರೆಲ್ಲ ಜನರಿಗಿಂತ ಅವನು ಅಮೆರಿಕಾದ ಮೂಲನಿವಾಸಿಗಳಿಗೇ ಹತ್ತಿರದವನಾಗಿದ್ದ. ಹಕ್ಕು ಮಂಡಿಸಿದ್ದ ಐದು ಸಮುದಾಯಗಳಲ್ಲಿ ಹೋಲಿಕೆಗೆ ತಮ್ಮ ಮಾದರಿ ಕೊಟ್ಟಿದ್ದವರು ಕಾಲ್ವಿಲ್ ಜನ. ಅವರೊಂದಿಗೆ ನಂಟು ನಿಕಟವಾಗಿಯೇ ಕಂಡಿತು.

ಬುರುಡೆಯ ಆಕಾರ ದಾರಿ ತಪ್ಪಿಸಿದ್ದು ಇದೊಂದೇ ಸಲವಲ್ಲ. ಬ್ರೆಜಿಲಿನ ಲಾಗೋವಾ ಸಾಂತಾ ಪ್ರದೇಶದಲ್ಲಿ 1970ರ ದಶಕದಲ್ಲಿ ದೊರೆತ, ಲೂಸಿಯಾ ಎಂದು ಹೆಸರಾದ ಹೆಣ್ಣಿನ ಬುರುಡೆಗೆ ಸುಮಾರು ಹನ್ನೊಂದೂವರೆ ಸಾವಿರ ವರ್ಷ. ಅದರಿಂದ ಪುನಾರಚಿಸಿದ ಮುಖ ಆಫ್ರಿಕನ್ನರಂತಿದ್ದುದರಿಂದ, ಮೂಲನಿವಾಸಿಗಳಿಗಿಂತ ಮೊದಲು ಬೇರೊಂದು ಜನ ಬಂದು ಅಳಿದಿರಬೇಕೆಂಬ ವಾದ ಬಂತು. 2018ರ ಸೆಪ್ಟೆಂಬರಿನಲ್ಲಿ ರಿಯೊದ ರಾಷ್ಟ್ರೀಯ ಸಂಗ್ರಹಾಲಯ ಸುಟ್ಟು, ಆ ಬುರುಡೆಯ ಚೂರುಗಳನ್ನು ಬೂದಿಯಿಂದ ಆರಿಸಬೇಕಾಯಿತು. ಅದೇ ವರ್ಷ ನವೆಂಬರಿನಲ್ಲಿ, ಲಾಗೋವಾ ಸಾಂತಾದ ಇತರ ಪ್ರಾಚೀನ ಅಸ್ಥಿಗಳ ಡಿಎನ್‌ಎ ಅವರೂ ಮೂಲನಿವಾಸಿಗಳ ಬಳಗದವರೇ ಎಂದು ತೋರಿಸಿತು. ನೆವಾಡಾದ ಸ್ಪಿರಿಟ್ ಗುಹೆಯಲ್ಲಿ 1940ರಲ್ಲಿ ಸಿಕ್ಕ, ಚಾಪೆಯಲ್ಲಿ ಸುತ್ತಿದ್ದ ಹತ್ತು ಸಾವಿರ ವರ್ಷಗಳಿಗೂ ಹಳೆಯ ದೇಹದ ಕಥೆಯೂ ಇಂಥದೇ. ಫ್ಯಾಲನ್ ಪಾಯೂಟ್–ಶೋಶೋನಿ ಸಮುದಾಯ ಎರಡು ದಶಕ ಹೋರಾಡಿ, ಡಿಎನ್‌ಎ ಪರೀಕ್ಷೆಗೆ ಒಪ್ಪಿ, 2016ರಲ್ಲಿ ಅದನ್ನು ಮರಳಿ ಪಡೆಯಿತು.

ಇಲ್ಲಿ ಒಂದು ಕಠಿಣವಾದ ಪ್ರಶ್ನೆ ಏಳುತ್ತದೆ. 1996ರಲ್ಲೇ ಬುಡಕಟ್ಟುಗಳು ಕೇಳಿದಂತೆ ಅಸ್ಥಿಗಳನ್ನು ಹೂಳಿದ್ದರೆ 2015ರ ಪುರಾವೆ ಹುಟ್ಟುತ್ತಿರಲಿಲ್ಲ. ಬಿಳಿಯ ಪೂರ್ವಜನ ಕಥೆ ಖಂಡನೆಯಿಲ್ಲದೆ ಉಳಿಯುತ್ತಿತ್ತು. ಹಾಗಾದರೆ ವಿಜ್ಞಾನಿಗಳ ಹಟವೇ ಮೂಲನಿವಾಸಿಗಳನ್ನು ಗೆಲ್ಲಿಸಿತೇ? ಈ ವಾದದಲ್ಲಿ ಹುರುಳಿದೆ, ಆದರೆ ಪೂರ್ಣ ಹುರುಳಿಲ್ಲ. ಆ ಕಥೆಯನ್ನು ಹುಟ್ಟಿಸಿದ್ದೂ ಬುರುಡೆಯನ್ನು ಅವಸರದಿಂದ ಓದಿದ ಶಾಸ್ತ್ರವೇ. ಅಲ್ಲದೆ ನಂಟನ್ನು ಪ್ರಯೋಗಾಲಯವೇ ಪ್ರಮಾಣೀಕರಿಸಬೇಕೆಂದರೆ, ಪುರಾವೆಯ ಭಾರ ಯಾವಾಗಲೂ ನೆಲ ಕಳೆದುಕೊಂಡವರ ಹೆಗಲ ಮೇಲೇ ಬೀಳುತ್ತದೆ. ಕೆನೆವಿಕ್ ಎಲುಬಿನಲ್ಲಿ ಡಿಎನ್‌ಎ ಕೊಳೆತುಹೋಗಿದ್ದರೆ ಆ ಮನುಷ್ಯ ಅವರಿಗೆ ಬಂಧುವಾಗದೆ ಹೋಗುತ್ತಿದ್ದನೇ? ನಮ್ಮಲ್ಲಿ ಮಹಾಲಯ ಅಮಾವಾಸ್ಯೆಯಂದು ತರ್ಪಣ ಬಿಡುವವರಾರೂ ಮೂರು ತಲೆಮಾರಿನ ಆಚೆಗಿನ ಹೆಸರುಗಳಿಗೆ ದಾಖಲೆ ಹುಡುಕುವುದಿಲ್ಲ. ಹೆಸರು ತಿಳಿಯದವರಿಗೂ ಒಂದು ಬೊಗಸೆ ನೀರು ಬಿಡುತ್ತಾರೆ. ಬಂಧುತ್ವಕ್ಕೆ ರಕ್ತದ ಲೆಕ್ಕದ ಜೊತೆಗೆ ಹೊಣೆಯ ಲೆಕ್ಕವೂ ಇದೆ.

ಮೊಂಟಾನಾದ ಆಂಜಿಕ್ ಮಗುವಿನ ಪ್ರಕರಣ ಇದಕ್ಕೆ ಒಂದು ಉತ್ತರವನ್ನು ಸೂಚಿಸುತ್ತದೆ. 1968ರಲ್ಲಿ ಖಾಸಗಿ ಜಮೀನಿನಲ್ಲಿ, ಕೆಂಪು ಕಾವಿಮಣ್ಣು ಬಳಿದ ನೂರಕ್ಕೂ ಹೆಚ್ಚು ಕ್ಲೋವಿಸ್ ಆಯುಧಗಳ ಜೊತೆ ಎರಡು ವರ್ಷ ತುಂಬದ ಗಂಡು ಕೂಸಿನ ಅಸ್ಥಿಗಳು ದೊರೆತಿದ್ದವು. ಕೂಸಿನ ಕಾಲ ಸುಮಾರು ಹನ್ನೆರಡೂವರೆ ಸಾವಿರ ವರ್ಷಗಳ ಹಿಂದೆ. ಖಾಸಗಿ ನೆಲವಾದ್ದರಿಂದ ಕಾಯಿದೆ ಅನ್ವಯಿಸುತ್ತಿರಲಿಲ್ಲ. ಆದರೂ ಜೀನೋಮ್ ಓದಿದ ವಿಲ್ಲರ್‌ಸ್ಲೆವ್ ಮೊಂಟಾನಾದ ಬುಡಕಟ್ಟುಗಳನ್ನು ಖುದ್ದಾಗಿ ಭೇಟಿಯಾಗಿ ಫಲಿತಾಂಶ ವಿವರಿಸಿದರು. ತಮ್ಮ ಬಳಿಗೆ ಮೊದಲೇ ಬರಬೇಕಿತ್ತು ಎಂಬ ಮಾತನ್ನೂ ಕೇಳಿಸಿಕೊಂಡರು. ಕ್ಲೋವಿಸ್ ಜನರ ಆ ಕೂಸು ಇಂದಿನ ಬಹುಪಾಲು ಮೂಲನಿವಾಸಿಗಳ ನೆಂಟ ಎಂಬುದು 2014ರ ಫೆಬ್ರವರಿಯಲ್ಲಿ ಪ್ರಕಟವಾಯಿತು. ಅದರ ತಾಯಿಯ ವಂಶಗುರುತು ಅಲಾಸ್ಕಾದ ಗುಹೆಯ ಯುವಕನದೇ. ಜೂನಿನಲ್ಲಿ ಹಲವು ಬುಡಕಟ್ಟುಗಳವರು ಸೇರಿ ಕೂಸನ್ನು ದೊರೆತ ಸ್ಥಳದ ಸನಿಹದಲ್ಲೇ ಮಣ್ಣು ಮಾಡಿದರು.

ಈ ವಿಷಯ ನಮ್ಮ ದೇಶದಿಂದಲೂ ದೂರವಿಲ್ಲ. ಬ್ರಿಟಿಷರ ಕಾಲದಲ್ಲಿ ನಾಗಾ ಬೆಟ್ಟಗಳಿಂದ ಸಾಗಿಸಿದ ಮಾನವ ಅವಶೇಷಗಳು ಆಕ್ಸ್‌ಫರ್ಡಿನ ಪಿಟ್ ರಿವರ್ಸ್ ಸಂಗ್ರಹಾಲಯದಲ್ಲಿವೆ. 2020ರಲ್ಲಿ ಆ ಸಂಸ್ಥೆ ಮಾನವ ಅವಶೇಷಗಳನ್ನು ಪ್ರದರ್ಶನದಿಂದ ತೆಗೆಯಿತು. ಅವನ್ನು ಮರಳಿ ತರಲು ನಾಗಾ ಹಿರಿಯರೂ ವಿದ್ವಾಂಸರೂ ಮಾತುಕತೆ ನಡೆಸುತ್ತಿದ್ದಾರೆ. 2024ರ ಅಕ್ಟೋಬರಿನಲ್ಲಿ ಇಂಗ್ಲೆಂಡಿನ ಹರಾಜಿನ ಪಟ್ಟಿಯೊಂದರಲ್ಲಿ ನಾಗಾ ತಲೆಬುರುಡೆ ಕಾಣಿಸಿಕೊಂಡಾಗ ನಾಗಾಲ್ಯಾಂಡಿನ ಮುಖ್ಯಮಂತ್ರಿ ವಿದೇಶಾಂಗ ಸಚಿವರಿಗೆ ಪತ್ರ ಬರೆದರು, ಹರಾಜು ನಿಂತಿತು.

ಕೆನೆವಿಕ್‌ನ ಪುರಾತನರ ವಿಷಯದಲ್ಲಿ ಕಡೆಗೆ ಕಾಂಗ್ರೆಸ್ಸೇ ಶಾಸನ ಮಾಡಬೇಕಾಯಿತು. 2016ರ ಡಿಸೆಂಬರಿನಲ್ಲಿ ಅಧ್ಯಕ್ಷ ಒಬಾಮಾ ಅದಕ್ಕೆ ಸಹಿ ಹಾಕಿದರು. 2017ರ ಫೆಬ್ರವರಿ 17ರಂದು ಸಿಯಾಟಲ್‌ನ ಬರ್ಕ್ ಸಂಗ್ರಹಾಲಯದಲ್ಲಿ ಅಸ್ಥಿಗಳನ್ನು ಐದೂ ಸಮುದಾಯಗಳ ಪ್ರತಿನಿಧಿಗಳಿಗೆ ಒಪ್ಪಿಸಲಾಯಿತು. ಮಾನ್ಯತೆಯಿಲ್ಲದ ವಾನಪಮ್ ಜನರೂ ಅವರೊಡನೆ ಇದ್ದರು. ಮಾರನೆಯ ದಿನ ಬೆಳಿಗ್ಗೆ ಇನ್ನೂರಕ್ಕೂ ಹೆಚ್ಚು ಜನ ಸೇರಿ, ಹೊರಗಿನವರಿಗೆ ತಿಳಿಸದ ಒಂದು ಸ್ಥಳದಲ್ಲಿ ಅವರನ್ನು ಹೂಳಿದರು. 2024ರ ಜನವರಿಯಲ್ಲಿ 1990ರ ಕಾಯಿದೆಯ ನಿಯಮಗಳು ಪರಿಷ್ಕೃತವಾದವು. ಮೂಲನಿವಾಸಿಗಳ ಅವಶೇಷಗಳನ್ನಾಗಲಿ ಪವಿತ್ರ ವಸ್ತುಗಳನ್ನಾಗಲಿ ಪ್ರದರ್ಶಿಸುವ, ಸಂಶೋಧಿಸುವ ಮೊದಲು ಸಂಬಂಧಪಟ್ಟ ಸಮುದಾಯದ ಒಪ್ಪಿಗೆ ಪಡೆಯುವುದು ಈಗ ಕಡ್ಡಾಯ. ಆ ತಿಂಗಳೇ ನ್ಯೂಯಾರ್ಕಿನ ನಿಸರ್ಗ ಚರಿತ್ರೆಯ ಸಂಗ್ರಹಾಲಯ ತನ್ನ ಎರಡು ದೊಡ್ಡ ಅಂಗಣಗಳನ್ನು ಮುಚ್ಚಿತು. ಅಲಾಸ್ಕಾದಲ್ಲಿ 1996ರಲ್ಲಿ ಒಬ್ಬ ಅಧಿಕಾರಿ ತನ್ನ ವಿವೇಕದಿಂದ ಅನುಸರಿಸಿದ ಕ್ರಮ ಇಪ್ಪತ್ತೆಂಟು ವರ್ಷಗಳ ಬಳಿಕ ಇಡೀ ದೇಶದ ನಿಯಮವಾಯಿತು.